ಬಾಡಿಗೆಯ ಮನೆಯೂ ಆದಾಯದ ರುಜುವಾತೂ

ಅನ್ನ, ಬಟ್ಟೆ, ವಸತಿ ಇವು ಮೂರು ಮನುಷ್ಯನ ಮುಖ್ಯ ಅವಶ್ಯಕತೆಗಳೆಂದು ಅರ್ಥಶಾಸ್ತ್ರದ ಮೊದಲನೆಯ ಪಾಠದಲ್ಲಿಯೇ ನಾವೆಲ್ಲರೂ ಓದಿದ್ದೇವೆ. ಆದರೆ ಈ ಮೂರರಲ್ಲಿ ಒಂದು ಭೇದವಿದೆ. ಅಕ್ಕಿ ಕೊಳ್ಳಲು ಹೋದರೆ ಅಂಗಡಿಯವರು ಹಣ ಕೇಳುತ್ತಾರೆಯೇ ಹೊರತು, 'ಈ ಹಣ ನಿಮಗೆ ಎಲ್ಲಿಂದ ಬಂತು? ಮುಂದಿನ ತಿಂಗಳೂ ಬರುವುದೇ?' ಎಂದು ಕೇಳುವುದಿಲ್ಲ. ಬಟ್ಟೆಯ ಅಂಗಡಿಯಲ್ಲಿಯೂ ಹಾಗೆಯೇ. ಮನೆಯ ವಿಷಯ ಮಾತ್ರ ಬೇರೆ. ಬಾಡಿಗೆಗೆ ಮನೆ ಕೇಳಿಕೊಂಡು ಹೋದವರು, ಜೇಬಿನಲ್ಲಿ ಹಣವಿದ್ದರೂ, ಮೊದಲು ಎರಡು ಪ್ರಶ್ನೆಗಳಿಗೆ ಉತ್ತರ ಹೇಳಬೇಕು: 'ಎಲ್ಲಿ ಕೆಲಸ?' 'ಸಂಬಳ ಎಷ್ಟು?' ಉತ್ತರವನ್ನು ಬಾಯಿಮಾತಿನಲ್ಲಿ ಹೇಳಿದರೆ ಸಾಲದು, ಕಾಗದದಲ್ಲಿ ತೋರಿಸಬೇಕು.

ನಮ್ಮ ಕಾಲೇಜಿನಲ್ಲಿ ಬಿ.ಎ. ಮುಗಿಸಿದ ಹಲವರು ಪ್ರತಿ ವರ್ಷವೂ ಕೆಲಸವನ್ನರಸಿ ಬೆಂಗಳೂರಿಗೆ ಹೋಗುತ್ತಾರೆ. ಅರ್ಜಿ ಬರೆಯುವುದು ಹೇಗೆ, ಸಂದರ್ಶನದಲ್ಲಿ ಮಾತನಾಡುವುದು ಹೇಗೆ ಎಂಬುದನ್ನು ನಮಗೆ ಹೇಳಿಕೊಡುವವರಿದ್ದಾರೆ. ಕೆಲಸ ಸಿಕ್ಕಿದ ಮೇಲೆ ತಲೆಯ ಮೇಲೊಂದು ಸೂರನ್ನು ಪಡೆಯುವುದು ಹೇಗೆ ಎಂಬುದನ್ನು ಹೇಳಿಕೊಡುವವರು ವಿರಳ. ಅಕ್ಕ ಮತ್ತು ಭಾವನವರಿಗಾಗಿ ಬೆಂಗಳೂರಿನಲ್ಲಿ ಮನೆ ಹುಡುಕುವಾಗ ಅವರೊಡನೆ ಅಲೆದು ಕಂಡದ್ದನ್ನೂ, ಅನಂತರ ಓದಿ ತಿಳಿದುಕೊಂಡದ್ದನ್ನೂ ಕೂಡಿಸಿ ಸಹಪಾಠಿಗಳ ಮುಂದಿಡುವುದು ಈ ಲೇಖನದ ಉದ್ದೇಶ.

ಮಾಲೀಕರಿಗೆ ಈ ಚಿಂತೆ ಏಕೆ?

ಹಿಂದೆ ಬೆಂಗಳೂರು, ಮೈಸೂರುಗಳ ವಠಾರಗಳಲ್ಲಿ ಈ ಪ್ರಶ್ನೆ ಹೆಚ್ಚಾಗಿ ಏಳುತ್ತಿರಲಿಲ್ಲ. ಮನೆಯ ಯಜಮಾನರು ಎಷ್ಟೋ ಕಡೆ ಅದೇ ವಠಾರದಲ್ಲಿರುತ್ತಿದ್ದರು. ಪರಿಚಯಸ್ಥರೊಬ್ಬರು ಕರೆದುಕೊಂಡು ಬಂದು 'ಇವರು ನಮ್ಮ ಕಡೆಯವರು' ಎಂದರೆ ಆ ಮಾತೇ ಪ್ರಮಾಣಪತ್ರವಾಗುತ್ತಿತ್ತು. ನಗರ ಬೆಳೆದಂತೆ ಪರಿಚಯದ ಸ್ಥಾನಕ್ಕೆ ಕಾಗದ ಬಂದಿತು. ಇಂದು ಮಾಲೀಕರು ಒಂದು ಬಡಾವಣೆಯಲ್ಲಿ, ಅಪಾರ್ಟ್‌ಮೆಂಟ್ ಇನ್ನೊಂದರಲ್ಲಿ. ಇಬ್ಬರ ನಡುವೆ ಇರುವವರು ಒಂದು ತಿಂಗಳ ಬಾಡಿಗೆಯನ್ನು ದಲ್ಲಾಳಿಯಾಗಿ ಪಡೆಯುವ ಬ್ರೋಕರ್. ಯಾರಿಗೆ ಯಾರೂ ಗೊತ್ತಿಲ್ಲ.

ಅರ್ಥಶಾಸ್ತ್ರದ ವಿದ್ಯಾರ್ಥಿಗಳಿಗೆ ಇದರ ಹಿಂದಿನ ತತ್ತ್ವ ಹೊಸದಲ್ಲ. ವ್ಯವಹಾರದ ಒಂದು ಪಕ್ಷಕ್ಕೆ ತಿಳಿದಿರುವುದು ಇನ್ನೊಂದು ಪಕ್ಷಕ್ಕೆ ತಿಳಿಯದಿದ್ದರೆ ಮಾರುಕಟ್ಟೆ ಹೇಗೆ ಕೆಡುತ್ತದೆಂಬುದನ್ನು ಅಮೆರಿಕದ ಜಾರ್ಜ್ ಅಕರ್‌ಲಾಫ್ ಅವರು 1970ರಲ್ಲಿ ಹಳೆಯ ಮೋಟಾರು ಕಾರುಗಳ ಉದಾಹರಣೆಯಿಂದ ತೋರಿಸಿದರು. ತಿಳಿದಿರುವ ಪಕ್ಷವು ನಂಬಿಕೆ ಹುಟ್ಟುವಂತಹ ಒಂದು ಗುರುತನ್ನು ತೋರಿಸಿ ಈ ಕೊರತೆಯನ್ನು ತುಂಬುತ್ತದೆಂದು ಮೈಕೇಲ್ ಸ್ಪೆನ್ಸ್ ಅವರು 1973ರಲ್ಲಿ ಉದ್ಯೋಗದ ಮಾರುಕಟ್ಟೆಯನ್ನು ಕುರಿತು ಬರೆದರು. 2001ರಲ್ಲಿ ಇವರಿಬ್ಬರಿಗೂ ಜೋಸೆಫ್ ಸ್ಟಿಗ್ಲಿಟ್ಸ್ ಅವರಿಗೂ ಅರ್ಥಶಾಸ್ತ್ರದ ನೊಬೆಲ್ ಪಾರಿತೋಷಕ ದೊರೆಯಿತು. ಬಾಡಿಗೆ ಕೊಡುವ ಶಕ್ತಿ ನನಗಿದೆಯೋ ಇಲ್ಲವೋ ಎಂಬುದು ನನಗೆ ಗೊತ್ತು, ಮಾಲೀಕರಿಗೆ ಗೊತ್ತಿಲ್ಲ. ಸಂಬಳದ ಚೀಟಿ ಅಂತಹ ಒಂದು ಗುರುತು. ಆದುದರಿಂದ ಮಾಲೀಕರು ಕಾಗದ ಕೇಳಿದರೆಂದು ಅವಮಾನ ಪಟ್ಟುಕೊಳ್ಳಬೇಕಾದ ಕಾರಣವಿಲ್ಲ. ಆದರೆ ಆದಾಯವೇ ಬೇರೆ, ಆದಾಯದ ರುಜುವಾತೇ ಬೇರೆ ಎಂಬುದನ್ನು ಇಬ್ಬರೂ ನೆನಪಿಡಬೇಕು. ತೊಡಕೆಲ್ಲ ಹುಟ್ಟುವುದು ಇವೆರಡನ್ನೂ ಒಂದೇ ಎಂದು ತಿಳಿಯುವುದರಿಂದ.

ಯಾವ ಕಾಗದ ಏನು ಹೇಳುತ್ತದೆ?

ಮಾಲೀಕರ ಮನಸ್ಸಿನಲ್ಲಿ ಮೂರು ಸಂದೇಹಗಳಿರುತ್ತವೆ. ಇವರು ಯಾರು? ಇವರಿಗೆ ಕೆಲಸವಿರುವುದು ನಿಜವೇ? ತಿಂಗಳು ತಿಂಗಳೂ ಹಣ ಬರುತ್ತಿದೆಯೇ? ಒಂದೇ ಕಾಗದ ಮೂರಕ್ಕೂ ಉತ್ತರ ಹೇಳುವುದಿಲ್ಲ.

ಮೊದಲನೆಯದು ನೇಮಕದ ಪತ್ರ. ಹೊಸದಾಗಿ ಕೆಲಸಕ್ಕೆ ಸೇರಿದವರ ಕೈಯಲ್ಲಿ ಬಹುಶಃ ಇದೊಂದೇ ಇರುತ್ತದೆ. ಇಂತಹ ಕೆಲಸವನ್ನು ಇಷ್ಟು ಸಂಬಳಕ್ಕೆ ಕೊಡಲು ಒಪ್ಪಿದ್ದಾರೆಂದು ಇದು ಹೇಳುತ್ತದೆ. ಸಂಬಳ ಕೈಗೆ ಬಂದಿತೆಂದು ಹೇಳುವುದಿಲ್ಲ. ಪತ್ರದಲ್ಲಿ ವಾರ್ಷಿಕ ಮೊತ್ತವನ್ನು ದೊಡ್ಡದಾಗಿ ಬರೆದಿರುವುದುಂಟು. ಭವಿಷ್ಯನಿಧಿಗೆ ಕಂಪೆನಿ ಕಟ್ಟುವ ಪಾಲು, ವರ್ಷಾಂತ್ಯದ ಬೋನಸ್ ಮುಂತಾದುವು ಅದರಲ್ಲಿ ಸೇರಿರುವುದರಿಂದ ಅದನ್ನು ಹನ್ನೆರಡರಿಂದ ಭಾಗಿಸಿ ತಿಂಗಳ ವರಮಾನವೆಂದು ಎಣಿಸಕೂಡದು.

ಎರಡನೆಯದು ಸಂಬಳದ ಚೀಟಿ. ಮಾಲೀಕರು ಸಾಮಾನ್ಯವಾಗಿ ಮೂರು ತಿಂಗಳದ್ದನ್ನು ಕೇಳುತ್ತಾರೆ. ಉದಾಹರಣೆಗೆ ಒಬ್ಬರ ಒಟ್ಟು ಸಂಬಳ 28,000 ರೂಪಾಯಿ, ಅದರಲ್ಲಿ ಮೂಲವೇತನ 15,000 ಎಂದಿಟ್ಟುಕೊಳ್ಳೋಣ. ಮೂಲವೇತನದ ಶೇಕಡ 12ರಂತೆ ಭವಿಷ್ಯನಿಧಿಗೆ 1,800, ವೃತ್ತಿ ತೆರಿಗೆಗೆ 200 ಕಳೆದರೆ ಕೈಗೆ ಬರುವುದು 26,000. ಬಾಡಿಗೆಯ ಲೆಕ್ಕಕ್ಕೆ ಬೇಕಾದದ್ದು ಈ ಕೊನೆಯ ಅಂಕಿ. ಚೀಟಿ ಕೊಡುವುದು ಧಣಿಯ ಕೃಪೆಯಲ್ಲ ಎಂಬುದನ್ನೂ ತಿಳಿದಿರಬೇಕು. 2019ರ ವೇತನ ಸಂಹಿತೆ, ಅಂದರೆ 2025ರ ನವೆಂಬರ್ 21ರಂದು ಜಾರಿಗೆ ಬಂದ ಕಾನೂನು, ಕೆಲಸಗಾರರಿಗೆ ವೇತನದ ಚೀಟಿ ಕೊಡಬೇಕೆಂದು ಮಾಲೀಕರಿಗೆ ವಿಧಿಸಿದೆ. ಸಣ್ಣ ಕಚೇರಿಯಲ್ಲಿ ಕೆಲಸಕ್ಕೆ ಸೇರುವವರು ಮೊದಲನೆಯ ತಿಂಗಳಿನಿಂದಲೇ ಇದನ್ನು ಕೇಳಿ ಪಡೆಯುವುದು ಲೇಸು.

ಮೂರನೆಯದು ಬ್ಯಾಂಕಿನ ಖಾತೆಯ ವಿವರ. ಚೀಟಿಯಲ್ಲಿ ಬರೆದ ಹಣ ನಿಜವಾಗಿ ಬಂದಿತೆಂಬುದಕ್ಕೆ ಇದೇ ಸಾಕ್ಷಿ. ಚೀಟಿಯ ಕೊನೆಯ ಅಂಕಿಯೂ ಖಾತೆಗೆ ಜಮೆಯಾದ ಅಂಕಿಯೂ ಒಂದೇ ಆಗಿದ್ದರೆ ಮಾಲೀಕರ ಅರ್ಧ ಸಂದೇಹ ಅಲ್ಲಿಗೇ ತೀರುತ್ತದೆ.

ನಾಲ್ಕನೆಯದು ಆದಾಯ ತೆರಿಗೆಗೆ ಸಂಬಂಧಿಸಿದ ಕಾಗದಗಳು. ಸಂಬಳದಲ್ಲಿ ತೆರಿಗೆ ಹಿಡಿದುದಕ್ಕೆ ಕೊಡುವ, 'ಫಾರಂ 16' ಎಂಬ ಹೆಸರಿನಿಂದ ಜನಜನಿತವಾದ ಪತ್ರವೂ, ತೆರಿಗೆಯ ವಿವರ ಸಲ್ಲಿಸಿದುದರ ಸ್ವೀಕೃತಿಯೂ ಇಡೀ ವರ್ಷದ ಆದಾಯವನ್ನು ಹೇಳುತ್ತವೆ. ಕೆಲಸಕ್ಕೆ ಸೇರಿ ನಾಲ್ಕು ತಿಂಗಳಾದವರ ಬಳಿ ಇವು ಇರಲಾರವು. ತೆರಿಗೆ ಕಟ್ಟುವಷ್ಟು ಆದಾಯವಿಲ್ಲದವರೂ ತಾವಾಗಿಯೇ ವಿವರ ಸಲ್ಲಿಸಲು ಅಡ್ಡಿಯಿಲ್ಲ. ಸ್ವಂತ ಕಸುಬಿನವರಿಗೆ ಇದರಿಂದ ಅನುಕೂಲವುಂಟು.

ಐದನೆಯದು ಭವಿಷ್ಯನಿಧಿಯ ಪಾಸ್‌ಬುಕ್. 1952ರ ಕಾಯಿದೆಯಿಂದ ಬಂದ ಈ ನಿಧಿಯಲ್ಲಿ ಪ್ರತಿ ಸದಸ್ಯರಿಗೂ 12 ಅಂಕಿಗಳ ಒಂದು ಸಂಖ್ಯೆಯಿದೆ. ಯಾವ ಸಂಸ್ಥೆ ಯಾವ ತಿಂಗಳು ಎಷ್ಟು ಹಣ ಕಟ್ಟಿತೆಂಬುದು ಪಾಸ್‌ಬುಕ್ಕಿನಲ್ಲಿರುತ್ತದೆ. ಇದು ಕೆಲಸಗಾರರು ಬರೆದುದಲ್ಲ, ಕಂಪೆನಿ ಬರೆದುಕೊಟ್ಟದ್ದೂ ಅಲ್ಲ, ಮೂರನೆಯವರ ಲೆಕ್ಕ. ಕೆಲಸವಿರುವುದಕ್ಕೆ ಇಷ್ಟು ಗಟ್ಟಿಯಾದ ಸಾಕ್ಷಿ ಬೇರೆ ಇಲ್ಲ; ಆದರೂ ಇದನ್ನು ತೋರಿಸುವವರು ಕಡಮೆ.

ಇವಾವುವೂ ಇಲ್ಲದಿದ್ದಾಗ ಕೆಲಸ ಕೊಟ್ಟವರಿಂದ ಉದ್ಯೋಗದ ದೃಢೀಕರಣ ಪತ್ರವನ್ನು ಪಡೆಯಬಹುದು. ಹೆಸರು, ಹುದ್ದೆ, ಸೇರಿದ ದಿನಾಂಕ, ಕೆಲಸ ಕಾಯಂ ಆದುದೋ ತಾತ್ಕಾಲಿಕವೋ, ಕೈಗೆ ಬರುವ ಸಂಬಳ, ಪತ್ರದ ಉದ್ದೇಶ, ಸಹಿ, ಮೊಹರು, ವಿಚಾರಿಸಲು ಕಚೇರಿಯ ದೂರವಾಣಿ ಸಂಖ್ಯೆ ಇಷ್ಟು ಅದರಲ್ಲಿದ್ದರೆ ಸಾಕು. 'ಇವರು ಒಳ್ಳೆಯ ನಡತೆಯವರು' ಎಂಬ ಒಂದು ಸಾಲಿಗಿಂತ ಸೇರಿದ ದಿನಾಂಕಕ್ಕೆ ಬೆಲೆ ಹೆಚ್ಚು.

ಎಷ್ಟು ಆದಾಯಕ್ಕೆ ಎಷ್ಟು ಬಾಡಿಗೆ?

ಇದಕ್ಕೆ ನಮ್ಮಲ್ಲಿ ಕಾನೂನಿನ ಅಳತೆಯಿಲ್ಲ. ಆದಾಯದ ಮೂರನೆಯ ಒಂದು ಪಾಲಿಗಿಂತ ಬಾಡಿಗೆ ಹೆಚ್ಚಬಾರದೆಂಬುದು ಹಲವು ದೇಶಗಳಲ್ಲಿ ರೂಢಿಯಲ್ಲಿರುವ ಲೆಕ್ಕ. ನ್ಯೂಯಾರ್ಕ್ ನಗರದಲ್ಲಿ ವಾರ್ಷಿಕ ಆದಾಯವು ತಿಂಗಳ ಬಾಡಿಗೆಯ 40ರಷ್ಟಿರಬೇಕೆಂದು ಬಹುಮಂದಿ ಮಾಲೀಕರು ಕೇಳುತ್ತಾರೆ, ಅದೂ ರೂಢಿಯೇ. ಮೇಲಿನ ಉದಾಹರಣೆಯಲ್ಲಿ 26,000ದ ಮೂರನೆಯ ಒಂದು ಪಾಲು ಸುಮಾರು 8,700 ರೂಪಾಯಿ. ಬೆಂಗಳೂರಿನಲ್ಲಿ ಈ ಬಾಡಿಗೆಗೆ ಒಬ್ಬರೇ ಇರುವ ಮನೆ ಸಿಗುವುದು ಕಷ್ಟ. ಆದುದರಿಂದಲೇ ನಮ್ಮವರು ಇಬ್ಬರು ಮೂವರು ಕೂಡಿ ಮನೆ ಹಿಡಿಯುವುದು. ಹಾಗೆ ಮಾಡುವಾಗ ಒಬ್ಬರ ಕಾಗದವನ್ನು ಮಾತ್ರ ಕೊಟ್ಟು ಉಳಿದವರು ಸುಮ್ಮನಿರಕೂಡದು. ಕರಾರಿನಲ್ಲಿ ಎಲ್ಲರ ಹೆಸರೂ ಇರಬೇಕು, ಎಲ್ಲರ ಆದಾಯವೂ ಕಾಣಬೇಕು. ಇಲ್ಲವಾದರೆ ಉಳಿದವರು ಕೆಲಸ ಬಿಟ್ಟು ಊರಿಗೆ ಹೋದ ದಿನ ಪೂರ್ತಿ ಬಾಡಿಗೆ ಒಬ್ಬರ ತಲೆಯ ಮೇಲೆ ಬೀಳುತ್ತದೆ.

ಕಾಗದವಿಲ್ಲದ ಆದಾಯ

ಇಲ್ಲಿಯವರೆಗೆ ಹೇಳಿದುದು ತಿಂಗಳ ಸಂಬಳದವರ ಮಾತು. ನಮ್ಮ ಕಾಲೇಜಿನ ವಿದ್ಯಾರ್ಥಿಗಳಲ್ಲಿ ಎಷ್ಟು ಮಂದಿಯ ಮನೆಯಲ್ಲಿ ಸಂಬಳದ ಚೀಟಿ ಬರುತ್ತದೆ? ತಂದೆ ಬೇಸಾಯಗಾರರು, ತಾಯಿ ಕೂಲಿಗೆ ಹೋಗುವವರು, ಅಣ್ಣ ಗಾರೆ ಕೆಲಸದವನು. ನಮ್ಮಲ್ಲಿ ಬಹುಮಂದಿಯದು ಇಂತಹ ಸಂಸಾರ. ದುಡಿಮೆಯಿದೆ, ಹಣವೂ ಇದೆ, ಕಾಗದವಿಲ್ಲ.

ನಮಗೆ ಚೆನ್ನಾಗಿ ಪರಿಚಯವಿರುವ ಕಾಗದವೊಂದಿದೆ: ನಾಡಕಚೇರಿಯಲ್ಲಿ ಅರ್ಜಿ ಕೊಟ್ಟು ತಹಶೀಲ್ದಾರರಿಂದ ಪಡೆಯುವ ಆದಾಯ ಪ್ರಮಾಣಪತ್ರ. ವಿದ್ಯಾರ್ಥಿವೇತನಕ್ಕೂ ವಿದ್ಯಾರ್ಥಿನಿಲಯಕ್ಕೂ ಅದನ್ನು ಹಿಡಿದು ಸಾಲಿನಲ್ಲಿ ನಿಂತವರು ನಾವು. ಅದನ್ನೇ ಮನೆಯ ಮಾಲೀಕರಿಗೆ ತೋರಿಸಿದರಾಗದೇ ಎಂದು ಗೆಳೆಯರೊಬ್ಬರು ಕೇಳಿದರು. ಆಗದು. ಆದಾಯ ಇಂತಿಷ್ಟನ್ನು ಮೀರಿಲ್ಲವೆಂದು ತೋರಿಸಲು ಬೇಕಾದ ಪತ್ರವದು; ಮಾಲೀಕರಿಗೆ ಬೇಕಾದುದು ಇಂತಿಷ್ಟಾದರೂ ಇದೆಯೆಂಬ ಪತ್ರ. ಮೇಲಾಗಿ ಅದು ಐದು ವರ್ಷ ಚಾಲ್ತಿಯಲ್ಲಿರುವುದರಿಂದ ಹೋದ ತಿಂಗಳ ಸ್ಥಿತಿಯನ್ನು ಹೇಳಲಾರದು. ಒಂದೇ ಸಂಸಾರ ಒಂದು ಕಚೇರಿಯಲ್ಲಿ ತನ್ನ ಬಡತನವನ್ನೂ ಇನ್ನೊಂದು ಬಾಗಿಲಲ್ಲಿ ತನ್ನ ಅನುಕೂಲವನ್ನೂ ರುಜುವಾತು ಮಾಡಬೇಕಾಗಿ ಬಂದಿರುವುದು ಈ ಕಾಲದ ಒಂದು ವಿನೋದ.

ನನ್ನ ಅಕ್ಕ ಸಿದ್ಧ ಉಡುಪಿನ ಕಾರ್ಖಾನೆಯಲ್ಲಿ ಹೊಲಿಗೆಯ ಕೆಲಸದಲ್ಲಿದ್ದಾಳೆ; ಭಾವನವರು ಸಾಲ ಮಾಡಿ ಕೊಂಡ ಸ್ವಂತ ಆಟೋ ಓಡಿಸುತ್ತಾರೆ. ಭಾವನವರ ಸಂಪಾದನೆಯೇ ಹೆಚ್ಚು. ಆದರೆ ಹೋದ ಕಡೆಯಲ್ಲೆಲ್ಲ ಅಕ್ಕನ ಚೀಟಿಯನ್ನು ನೋಡಿ 'ಇದು ಸಾಲದು' ಎಂದರು. ಭಾವನವರ ಮಾತನ್ನು ಲೆಕ್ಕಕ್ಕೇ ತೆಗೆದುಕೊಳ್ಳಲಿಲ್ಲ. ಒಬ್ಬ ಹಿರಿಯರು ಮಾತ್ರ ನಿಜವನ್ನು ಬಿಡಿಸಿ ಹೇಳಿದರು: 'ಸಂಪಾದನೆ ಇರಬಹುದಪ್ಪ, ಇಲ್ಲ ಅನ್ನೋದಿಲ್ಲ. ತೋರಿಸೋದಕ್ಕೆ ಏನಿದೆ?'

ಈ ಪ್ರಶ್ನೆಯನ್ನು ಹಿಡಿದು ಯೋಚಿಸಿದಾಗ ತೋರಿಸುವುದಕ್ಕೆ ಬೇಕಾದಷ್ಟಿದೆಯೆಂದು ಗೊತ್ತಾಯಿತು. ಆಟೋ ಸಾಲದ ಕಂತನ್ನು ಭಾವನವರು 22 ತಿಂಗಳಿನಿಂದ ಒಂದನ್ನೂ ತಪ್ಪಿಸದೆ ಕಟ್ಟಿದ್ದರು. ಅದರ ಲೆಕ್ಕವನ್ನು ಸಾಲ ಕೊಟ್ಟವರಿಂದ ಬರೆಯಿಸಿಕೊಂಡೆವು. ಹಿಂದಿನ ಮನೆಯ ಮಾಲೀಕರಿಂದ 'ಬಾಡಿಗೆ ಬಾಕಿಯಿಲ್ಲ' ಎಂದು ಎರಡು ಸಾಲಿನ ಪತ್ರವನ್ನೂ ಪಡೆದೆವು. ಪ್ರತಿ ತಿಂಗಳೂ ಹಣ ಕಟ್ಟುವವರೇ ಎಂಬುದು ತಾನೇ ಮಾಲೀಕರ ನಿಜವಾದ ಪ್ರಶ್ನೆ? ಅದಕ್ಕೆ ಇವೆರಡೂ ಸಂಬಳದ ಚೀಟಿಗಿಂತ ನೇರವಾದ ಉತ್ತರ. ಮುಂದೆ ನೋಡಿದ ಮನೆಯವರು ಇವನ್ನು ಓದಿ ಒಪ್ಪಿದರು.

ಆದುದರಿಂದ ಕಾಗದವಿಲ್ಲದ ಆದಾಯದವರು ಮೂರು ಕೆಲಸಗಳನ್ನು ಮಾಡಬಹುದು. ಮೊದಲನೆಯದಾಗಿ, ಮನೆ ಹುಡುಕುವುದಕ್ಕೆ ಆರು ತಿಂಗಳು ಮುಂಚಿತವಾಗಿಯೇ ಸಂಪಾದನೆಯನ್ನು ಬ್ಯಾಂಕಿನ ಖಾತೆಯ ಮೂಲಕ ಹಾಯಿಸುವುದು. 2016ರಲ್ಲಿ ಯು.ಪಿ.ಐ. ಬಂದ ಮೇಲೆ ಹೂ ಮಾರುವವರ ಹಣವೂ ನೇರವಾಗಿ ಖಾತೆಗೆ ಬೀಳುತ್ತದೆ. ನಗದಾಗಿ ಬಂದುದನ್ನು ವಾರಕ್ಕೊಮ್ಮೆ ಜಮೆ ಮಾಡಿದರಾಯಿತು. ಎರಡನೆಯದಾಗಿ, ಕಸುಬಿನ ಗುರುತಾದ ಪತ್ರಗಳನ್ನು ಮಾಡಿಸಿಕೊಳ್ಳುವುದು. ಬೀದಿಬದಿಯ ವ್ಯಾಪಾರಿಗಳಿಗೆ 2014ರ ಕಾಯಿದೆಯ ಪ್ರಕಾರ ವ್ಯಾಪಾರದ ಪ್ರಮಾಣಪತ್ರವಿದೆ, ಸಣ್ಣ ಉದ್ದಿಮೆಯವರಿಗೆ 2020ರಲ್ಲಿ ಆರಂಭವಾದ ಉದ್ಯಮ್ ನೋಂದಣಿಯಿದೆ, ಬೇಸಾಯಗಾರರಿಗೆ ಪಹಣಿಯಿದೆ. ಮೂರನೆಯದಾಗಿ, ಬಾಡಿಗೆ ಕೊಟ್ಟಾಗಲೆಲ್ಲ ರಶೀದಿ ಪಡೆಯುವುದು, ಇಲ್ಲವೇ ಖಾತೆಯಿಂದಲೇ ಕಳುಹಿಸುವುದು. ಇಂದಿನ ಮನೆಯ ರಶೀದಿ ನಾಳೆಯ ಮನೆಯ ಶಿಫಾರಸು.

ಜಾಮೀನು

ಸ್ವಂತ ಕಾಗದ ಸಾಲದಿದ್ದಾಗ ಮಾಲೀಕರು ಜಾಮೀನುದಾರರನ್ನು ಕೇಳುವುದುಂಟು. ವಿದ್ಯಾರ್ಥಿಗಳು ಆಗ ನೆನೆಯುವುದು ಸೋದರಮಾವನನ್ನೋ ಕಾಲೇಜಿನ ಮೇಷ್ಟರನ್ನೋ. ಮಾನ್ಯ ಉಪನ್ಯಾಸಕರು ಈ ಭಾಗವನ್ನು ಗಮನವಿಟ್ಟು ಓದಬೇಕಾಗಿ ಪ್ರಾರ್ಥನೆ. 1872ರ ಭಾರತೀಯ ಕರಾರು ಕಾಯಿದೆಯ 128ನೆಯ ಪ್ರಕರಣದಂತೆ, ಬೇರೆ ಒಪ್ಪಂದವಿಲ್ಲದಿದ್ದರೆ, ಜಾಮೀನುದಾರರ ಹೊಣೆ ಮೂಲ ಸಾಲಗಾರರ ಹೊಣೆಯಷ್ಟೇ ಆಗಿರುತ್ತದೆ. 'ಹುಡುಗ ಒಳ್ಳೆಯವನು' ಎಂದು ಬರೆದುಕೊಡುವುದು ಶಿಫಾರಸು. 'ಅವನು ಕೊಡದಿದ್ದರೆ ನಾನು ಕೊಡುತ್ತೇನೆ' ಎಂದು ಸಹಿ ಹಾಕುವುದು ಜಾಮೀನು. ಸಹಿ ಕೇಳಲು ಹೋಗುವ ನಾವು ಯಾವುದನ್ನು ಕೇಳುತ್ತಿದ್ದೇವೆಂಬುದನ್ನು ಅವರಿಗೆ ಸ್ಪಷ್ಟವಾಗಿ ಹೇಳುವುದು ಧರ್ಮ. ಜಾಮೀನು ಎಷ್ಟು ಹಣಕ್ಕೆ, ಎಷ್ಟು ತಿಂಗಳಿಗೆ ಎಂಬ ಮಿತಿಯನ್ನು ಪತ್ರದಲ್ಲಿಯೇ ಬರೆಯಿಸಬೇಕು.

ತೋರಿಸುವುದಕ್ಕೂ ಒಂದು ಮಿತಿ

ಕೇಳಿದುದನ್ನೆಲ್ಲ ಕೊಟ್ಟುಬಿಡುವುದು ವಿವೇಕವಲ್ಲ. ಬ್ಯಾಂಕಿನ ವಿವರದಲ್ಲಿ ಸಂಬಳವೊಂದೇ ಇರುವುದಿಲ್ಲ. ಯಾವ ವೈದ್ಯರ ಬಳಿಗೆ ಹೋದಿರಿ, ಯಾರಿಗೆ ಹಣ ಕಳುಹಿಸಿದಿರಿ ಎಂಬುದೂ ಇರುತ್ತದೆ. ಮಾಲೀಕರಿಗೆ ಸಂಬಳ ಜಮೆಯಾದ ಸಾಲುಗಳಷ್ಟೇ ಬೇಕು. ಉಳಿದುದನ್ನು ಪ್ರತಿಯಲ್ಲಿ ಮರೆಮಾಡಬಹುದು. ಆಧಾರ್ ಕೇಳಿದರೆ ಕೊನೆಯ ನಾಲ್ಕು ಅಂಕಿಗಳು ಮಾತ್ರ ಕಾಣುವ ಪ್ರತಿಯನ್ನು ಪ್ರಾಧಿಕಾರವೇ ಕೊಡುತ್ತದೆ. ಪ್ರತಿಯೊಂದು ನಕಲಿನ ಮೇಲೂ 'ಬಾಡಿಗೆ ಮನೆಯ ಉದ್ದೇಶಕ್ಕೆ ಮಾತ್ರ' ಎಂದು ಬರೆದು ದಿನಾಂಕ ಹಾಕಬೇಕು. ಮೂಲಪತ್ರವನ್ನು ಯಾರ ಕೈಯಲ್ಲಿಯೂ ಬಿಟ್ಟು ಬರಕೂಡದು. ಮನೆ ತೋರಿಸುವ ಮೊದಲೇ ಕಾಗದ ಕೇಳುವ ಬ್ರೋಕರಿಗೆ ನಕಲನ್ನೂ ಕೊಡಕೂಡದು.

ಫ್ರಾನ್ಸ್ ದೇಶದಲ್ಲಿ ಈ ಮಿತಿಯನ್ನು ಸರಕಾರವೇ ಗೊತ್ತುಮಾಡಿದೆ. 2015ರ ನವೆಂಬರ್ 5ರ ಆಜ್ಞೆಯೊಂದು, ಮಾಲೀಕರು ಯಾವ ಯಾವ ಕಾಗದಗಳನ್ನು ಕೇಳಬಹುದೆಂದು ಪಟ್ಟಿ ಮಾಡಿತು. ಕೊನೆಯ ಮೂರು ಸಂಬಳದ ಚೀಟಿಗಳು ಆ ಪಟ್ಟಿಯಲ್ಲಿವೆ. ಬ್ಯಾಂಕಿನ ಖಾತೆಯ ವಿವರ ಇಲ್ಲ. ನಮ್ಮಲ್ಲಿ ಅಂತಹ ಪಟ್ಟಿಯಿಲ್ಲದಿರುವುದರಿಂದ ಮಿತಿಯನ್ನು ನಾವೇ ಹಾಕಿಕೊಳ್ಳಬೇಕು.

ಕಾಗದವಿಲ್ಲವೆಂದು ಸುಳ್ಳು ಚೀಟಿ ಸೃಷ್ಟಿಸುವವರೂ ಇದ್ದಾರೆ. ಫೋನಿನಲ್ಲಿ ಹತ್ತು ನಿಮಿಷದ ಕೆಲಸವಾದರೂ ಅದು ಖೋಟಾ ದಸ್ತಾವೇಜು. 2024ರ ಜುಲೈ 1ರಂದು ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯಲ್ಲಿಯೂ ಅಪರಾಧವೇ. ಅಷ್ಟೇ ಅಲ್ಲ, ಒಂದು ಸುಳ್ಳು ಚೀಟಿ ಸಿಕ್ಕಿಬಿದ್ದರೆ ಆ ಮಾಲೀಕರು ಮುಂದೆ ಬರುವ ಹತ್ತು ಜನರ ನಿಜವಾದ ಚೀಟಿಯನ್ನೂ ನಂಬುವುದಿಲ್ಲ.

ಮುಂಗಡವೂ ಬೇಕು, ಕಾಗದವೂ ಬೇಕು

ಬೆಂಗಳೂರಿನಲ್ಲಿ ಹತ್ತು ತಿಂಗಳ ಬಾಡಿಗೆಯನ್ನು ಮುಂಗಡವಾಗಿ ಪಡೆಯುವ ಪದ್ಧತಿ ಬಹುಕಾಲ ನಡೆದುಬಂದಿದೆ. 9,000 ರೂಪಾಯಿ ಬಾಡಿಗೆಗೆ 90,000 ಮುಂಗಡ. 26,000 ಸಂಬಳದವರಿಗೆ ಇದು ಮೂರು ತಿಂಗಳಿಗೂ ಮಿಕ್ಕ ದುಡಿಮೆ. ಬಾಡಿಗೆ ನಿಂತರೆ ವಸೂಲು ಮಾಡಿಕೊಳ್ಳಲೆಂದೇ ಈ ಹಣ. ಹತ್ತು ತಿಂಗಳ ಹಣ ಕೈಯಲ್ಲಿರುವಾಗ ಕಾಗದದ ಅವಶ್ಯಕತೆ ಅಷ್ಟಿಲ್ಲ. ಕಾಗದ ಗಟ್ಟಿಯಾಗಿದ್ದರೆ ಇಷ್ಟು ಮುಂಗಡದ ಅವಶ್ಯಕತೆಯಿಲ್ಲ. ಎರಡನ್ನೂ ಪೂರ್ತಿ ಕೇಳುವುದು ಒಂದೇ ಭಯಕ್ಕೆ ಎರಡು ಬಾರಿ ಬೆಲೆ ಪಡೆದಂತೆ ಎಂದು ನನ್ನ ಅಭಿಪ್ರಾಯ.

2021ರ ಜೂನ್ 2ರಂದು ಕೇಂದ್ರ ಸಚಿವ ಸಂಪುಟ ಒಪ್ಪಿದ ಮಾದರಿ ಬಾಡಿಗೆ ಕಾಯಿದೆಯು ವಾಸದ ಮನೆಗೆ ಎರಡು ತಿಂಗಳ ಬಾಡಿಗೆಗಿಂತ ಹೆಚ್ಚು ಮುಂಗಡ ಕೂಡದೆಂದು ಹೇಳುತ್ತದೆ. ಆದರೆ ಅದು ಮಾದರಿ. ರಾಜ್ಯವೊಂದು ತನ್ನ ಕಾನೂನಾಗಿ ಮಾಡಿಕೊಂಡಲ್ಲದೆ ಯಾರನ್ನೂ ಕಟ್ಟಿಹಾಕುವುದಿಲ್ಲ. ಕರ್ನಾಟಕದಲ್ಲಿ 1961ರ ಬಾಡಿಗೆ ನಿಯಂತ್ರಣ ಕಾಯಿದೆಯ ಸ್ಥಾನದಲ್ಲಿ 1999ರ ಬಾಡಿಗೆ ಕಾಯಿದೆ ಬಂದು, 2001ರ ಡಿಸೆಂಬರ್ 31ರಂದು ಜಾರಿಯಾಯಿತು. ಬೆಂಗಳೂರಿನಂತಹ ಊರುಗಳಲ್ಲಿ ಅದು ತಿಂಗಳಿಗೆ 3,500 ರೂಪಾಯಿ ಬಾಡಿಗೆಯನ್ನು ಮೀರಿದ ಮನೆಗಳನ್ನು ತನ್ನ ಹೊರಗಿಟ್ಟಿತು. ಹೀಗಾಗಿ ನಾವು ಹೋಗಿ ಕೇಳುವ ಮನೆಗಳಲ್ಲಿ ಬಹುತೇಕ ಎಲ್ಲವೂ ಇಬ್ಬರ ಒಪ್ಪಂದಕ್ಕೇ ಬಿಟ್ಟವು. ಆ ಒಪ್ಪಂದವೂ 11 ತಿಂಗಳಿಗೆ ಮಾತ್ರ. ಒಂದು ವರ್ಷವನ್ನು ಮೀರಿದ ಗುತ್ತಿಗೆಯನ್ನು 1908ರ ನೋಂದಣಿ ಕಾಯಿದೆಯಂತೆ ನೋಂದಣಿ ಮಾಡಿಸಬೇಕಾಗುವುದೇ ಇದಕ್ಕೆ ಕಾರಣ. ಒಪ್ಪಂದವೇ ಎಲ್ಲವೂ ಆಗಿರುವಲ್ಲಿ ಗಟ್ಟಿಯಾದ ಕಾಗದ ನಮ್ಮ ಕೈಯಲ್ಲಿದ್ದರೆ ಚೌಕಾಸಿಗೆ ಬಲ ಬರುತ್ತದೆ. 'ಆರು ತಿಂಗಳ ಲೆಕ್ಕ ಇಲ್ಲಿದೆ; ಮುಂಗಡವನ್ನು ನಾಲ್ಕು ತಿಂಗಳಿಗೆ ಇಳಿಸಿ' ಎಂದು ಕೇಳುವುದರಲ್ಲಿ ಸಂಕೋಚ ಬೇಡ.

ಇನ್ನೊಂದು ಮಾತನ್ನು ಹೇಳದೆ ಮುಗಿಸುವುದು ಸತ್ಯಕ್ಕೆ ಮಾಡಿದ ಅಪಚಾರವಾದೀತು. 'ಎಲ್ಲಿ ಕೆಲಸ?' ಎಂಬುದರ ಹಿಂದೆಯೇ 'ನೀವು ಯಾವ ಜನ? ಮನೆಯಲ್ಲಿ ಏನು ಅಡುಗೆ ಮಾಡುತ್ತೀರಿ?' ಎಂಬ ಪ್ರಶ್ನೆಗಳು ಬರುವ ಬಾಗಿಲುಗಳೂ ಇವೆ. ಅಂತಹ ಕಡೆ ಸಂಬಳ ಸಾಲದೆಂದು ಹೇಳಿ ಕಳುಹಿಸುವುದು ನೆಪ ಮಾತ್ರ. ಆ ರೋಗಕ್ಕೆ ಯಾವ ಚೀಟಿಯೂ ಮದ್ದಲ್ಲ. ಆದಾಯದ ಕಾಗದ ಸರಿಯಾಗಿದ್ದರೆ ಒಂದು ಉಪಯೋಗವುಂಟು: ಹಣ ಕಾರಣವಲ್ಲ, ಕಾರಣ ಬೇರೆ ಎಂಬುದು ಇಬ್ಬರಿಗೂ ಸ್ಪಷ್ಟವಾಗುತ್ತದೆ.

ಈ ವರ್ಷ ಕಾಲೇಜು ಬಿಡುವವರು ಒಂದು ಕಡತವನ್ನು ಇಂದೇ ಆರಂಭಿಸಬೇಕೆಂದು ನನ್ನ ಸಲಹೆ. ನೇಮಕದ ಪತ್ರ, ಮೊದಲ ತಿಂಗಳಿನಿಂದ ಸಂಬಳದ ಚೀಟಿಗಳು, ಭವಿಷ್ಯನಿಧಿಯ ಸಂಖ್ಯೆ, ಬಾಡಿಗೆಯ ರಶೀದಿಗಳು, ಕರಾರಿನ ನಕಲು ಎಲ್ಲವೂ ಅದರಲ್ಲಿರಲಿ. ತಂದೆ ತಾಯಿಗಳು ಚೀಟಿಯಿಲ್ಲದೆ ದುಡಿದು ನಮ್ಮನ್ನು ಓದಿಸಿದ್ದಾರೆ. ಅವರ ಖಾತೆಗೂ ಒಂದು ಪಾಸ್‌ಬುಕ್ ಬರೆಯಿಸಿ ತಿಂಗಳಿಗೊಮ್ಮೆ ನಮೂದು ಮಾಡಿಸುವ ಕೆಲಸವನ್ನು ಓದು ಬಲ್ಲ ನಾವು ವಹಿಸಿಕೊಳ್ಳಬಹುದು. ಮುಂದೊಂದು ದಿನ ನಮ್ಮಲ್ಲಿ ಯಾರಾದರೂ ಮನೆ ಕಟ್ಟಿಸಿ ಬಾಡಿಗೆಗೆ ಕೊಡುವಂತಾದಾಗ, ಸಂಬಳದ ಚೀಟಿಯಿಲ್ಲದವರು ಬಾಗಿಲಿಗೆ ಬಂದರೆ, ಇಲ್ಲವೆನ್ನುವ ಮೊದಲು ಅವರ ರಶೀದಿಗಳನ್ನೂ ಕಂತಿನ ಲೆಕ್ಕವನ್ನೂ ಕೇಳಿ ನೋಡೋಣ.